ಹಗಲು ಕೋರ್ಟು, ರಾತ್ರಿ ನಾಟಕ: ವಕೀಲ ಬಳ್ಳಾರಿ ರಾಘವರಿಗೂ ರಾಯಚೂರಿಗೂ ಇದ್ದ ನಂಟು

ರಾಯಚೂರು: ತಿರುಪತಿ ರೈಲು ಹತ್ತುವ ರಾಯಚೂರು, ಮಾನ್ವಿ, ದೇವದುರ್ಗದ ಮಂದಿಗೆ ತಾಡಪತ್ರಿ ಸ್ಟೇಷನ್ ಹೊಸದಲ್ಲ. ಗುಂತಕಲ್ ಆಯ್ತು, ಗುತ್ತಿ ಆಯ್ತು, ಆಮೇಲೆ ತಾಡಪತ್ರಿ. ಮನೆ ಕಟ್ಟಿಸುವವರಿಗೆ ಅದು ಹಾಸುಬಂಡೆಯ ಊರು. ಆ ಊರಲ್ಲಿ 1880ರ ಆಗಸ್ಟ್ 2ರಂದು ಹುಟ್ಟಿದ ಒಬ್ಬ ಹುಡುಗ ಮುಂದೆ ಬಳ್ಳಾರಿ ಕೋರ್ಟಿನ ಹೆಸರಾಂತ ಕ್ರಿಮಿನಲ್ ವಕೀಲನಾದ. ಅದರ ಜೊತೆಗೇ ದಕ್ಷಿಣ ಭಾರತದ ದೊಡ್ಡ ನಟನೂ ಆದ. ಮನೆಯವರು ಇಟ್ಟ ಹೆಸರು ರಾಘವಾಚಾರ್. ಜನ ಕರೆದದ್ದು ಬಳ್ಳಾರಿ ರಾಘವ ಅಂತ.

ಬಳ್ಳಾರಿಯಲ್ಲಿ ಅವರ ಹೆಸರಿನ ಕಲಾಮಂದಿರ ಇದೆ. 1981ರಲ್ಲಿ ಕೇಂದ್ರ ಸರ್ಕಾರ ಅವರ ಅಂಚೆ ಚೀಟಿ ತಂದಿದೆ. ಆದರೆ ತುಂಗಭದ್ರೆಯ ಈ ದಂಡೆಯಲ್ಲಿ, ನಮ್ಮ ಜಿಲ್ಲೆಯಲ್ಲಿ, ಹೊಸ ಹುಡುಗರಿಗೆ ಈ ಹೆಸರು ಅಷ್ಟಾಗಿ ಗೊತ್ತಿಲ್ಲ. ಗೊತ್ತಿರಬೇಕಾಗಿತ್ತು. ಯಾಕಂದ್ರೆ ಮಹಾತ್ಮ ಗಾಂಧಿ ಕೂತು ನೋಡಿದ ರಾಘವರ ನಾಟಕ ಬರೆದವರು ಬೇರೆ ಯಾರೂ ಅಲ್ಲ, ರಾಯಚೂರಿನಲ್ಲಿ ಹಮ್‌ದರ್ದ್ ಶಾಲೆ ಕಟ್ಟಿದ ಪಂಡಿತ ತಾರಾನಾಥರು.

ವಕೀಲರೇ ಕಟ್ಟಿದ ನಾಟಕ ಸಭಾ

ಬಳ್ಳಾರಿಯ ರಂಗಭೂಮಿಯಲ್ಲಿ ಒಂದು ವಿಚಿತ್ರ ಇದೆ. ಅದನ್ನು ಕಟ್ಟಿದವರು ನಾಟಕದ ಕಂಪನಿಯವರಲ್ಲ, ಕೋರ್ಟಿನ ವಕೀಲರು. ರಾಘವರ ಸೋದರಮಾವ ಧರ್ಮವರಂ ರಾಮಕೃಷ್ಣಮಾಚಾರ್ಯರು ಬಳ್ಳಾರಿಯಲ್ಲಿ ವಕೀಲರು. ತೆಲುಗಿನಲ್ಲಿ ನಾಟಕ ಬರೆದು ಆಂಧ್ರ ನಾಟಕ ಪಿತಾಮಹ ಅಂತ ಹೆಸರಾದವರೂ ಅವರೇ. ಸರಸ ವಿನೋದಿನಿ ಸಭಾ ಅವರದ್ದು. ಅದೇ ಊರಲ್ಲಿ, ಅದೇ ಕಾಲದಲ್ಲಿ ಇನ್ನೊಬ್ಬ ವಕೀಲರು ಕೋಲಾಚಲಂ ಶ್ರೀನಿವಾಸರಾಯರು. ಇವರು ಚರಿತ್ರೆಯ ವಸ್ತು ಹಿಡಿದು ನಾಟಕ ಬರೆದರು, ಸುಮನೋರಮಾ ಸಭಾ ನಡೆಸಿದರು, ಸಾಲದ್ದಕ್ಕೆ ಜಗತ್ತಿನ ನಾಟಕಗಳ ಚರಿತ್ರೆ ಕುರಿತು 1908ರಲ್ಲಿ ಇಂಗ್ಲಿಷಿನಲ್ಲಿ ಒಂದು ಪುಸ್ತಕವನ್ನೂ ಹೊರತಂದರು. ಒಂದೇ ಊರು, ಇಬ್ಬರು ವಕೀಲರು, ಎರಡು ಸಭಾ. ಪೈಪೋಟಿ ಹೇಗಿದ್ದಿರಬೇಕು ಅಂತ ಯಾರಾದರೂ ಊಹಿಸಬಹುದು.

ಈ ವಾತಾವರಣದಲ್ಲಿ ರಾಘವ ಬೆಳೆದರು. ಸಣ್ಣ ವಯಸ್ಸಿಗೇ ಮುಖಕ್ಕೆ ಬಣ್ಣ ಬಿತ್ತು. ಬಳ್ಳಾರಿಯಲ್ಲಿ ಓದು ಮುಗಿಸಿ ಮದ್ರಾಸ್ ಕ್ರಿಶ್ಚಿಯನ್ ಕಾಲೇಜಿಗೆ ಹೋದರು, ಪದವಿ ಆದ ಮೇಲೆ ಅಲ್ಲೇ ಕಾನೂನು ಓದಿ 1905ರಲ್ಲಿ ಮುಗಿಸಿದರು. ಊರಿಗೆ ಬಂದು ಮಾವನ ಕೈಕೆಳಗೇ ಜೂನಿಯರ್ ಆಗಿ ವಕೀಲಿ ಶುರು. ಅಂದ್ರೆ ನೋಡಿ, ರಂಗದ ಮೇಲೂ ಮಾವನೇ ಗುರು, ಕೋರ್ಟಿನಲ್ಲೂ ಮಾವನೇ ಸೀನಿಯರ್.

ಆಗಿನ ನಕ್ಷೆ ಈಗಿನಂತಲ್ಲ ಅನ್ನೋದು ನೆನಪಿರಲಿ. ಬಳ್ಳಾರಿ ಮದ್ರಾಸ್ ಪ್ರಾಂತ್ಯದಲ್ಲಿ ಬ್ರಿಟಿಷರ ಕೆಳಗಿತ್ತು. ರಾಯಚೂರು, ಮಾನ್ವಿ, ದೇವದುರ್ಗ ಹೈದರಾಬಾದ್ ನಿಜಾಮರ ಕೆಳಗೆ. ನಡುವೆ ಹೊಳೆ. ಆ ಕಡೆ ಇಂಗ್ಲಿಷ್ ಕೋರ್ಟು, ಈ ಕಡೆ ಉರ್ದು ಕಚೇರಿ. 1871ರಲ್ಲಿ ಬೊಂಬಾಯಿ ಕಡೆಯ ರೈಲು ಹಳಿ ಮತ್ತು ಮದ್ರಾಸ್ ಕಡೆಯ ಹಳಿ ಕೂಡಿದ್ದು ರಾಯಚೂರಿನಲ್ಲೇ. ಆಡಳಿತ ಎರಡಾದರೂ ಜನರ ಓಡಾಟ, ಮದುವೆ, ವ್ಯಾಪಾರ ಒಂದೇ ಆಗಿತ್ತು. ಮಾತೂ ಅಷ್ಟೇ. ಮನೆಯಲ್ಲಿ ಒಂದು, ಬಜಾರಿನಲ್ಲಿ ಇನ್ನೊಂದು, ಕಚೇರಿಯಲ್ಲಿ ಮತ್ತೊಂದು. ರಾಘವರು ತೆಲುಗು, ಕನ್ನಡ, ಹಿಂದಿ, ಇಂಗ್ಲಿಷ್ ಇಷ್ಟರಲ್ಲೂ ಪಾತ್ರ ಮಾಡಿದ್ದು ಈ ಸೀಮೆಯವರಿಗೆ ಆಶ್ಚರ್ಯ ಅನಿಸಲಿಕ್ಕಿಲ್ಲ.

ಹೊಟ್ಟೆಗೆ ವಕೀಲಿ

ರಾಘವರ ಬದುಕಿನಲ್ಲಿ ಮುಖ್ಯವಾದ ಲೆಕ್ಕ ಒಂದಿದೆ. ಅವರು ನಾಟಕದಿಂದ ಜೀವನ ನಡೆಸಲಿಲ್ಲ. ಹೊಟ್ಟೆಗೆ ವಕೀಲಿ, ನಾಟಕ ಹವ್ಯಾಸಕ್ಕೆ. ಟಿಕೆಟ್ ದುಡ್ಡು ಸಹಾಯಾರ್ಥ ಪ್ರದರ್ಶನಗಳಿಗೆ ಹೋಗುತ್ತಿತ್ತು. ಕ್ರಿಮಿನಲ್ ಕೇಸುಗಳಲ್ಲಿ ಅವರಿಗೆ ಎಷ್ಟು ಹೆಸರು ಬಂತು ಅಂದ್ರೆ, ಸರ್ಕಾರವೇ ಕರೆದು ಪಬ್ಲಿಕ್ ಪ್ರಾಸಿಕ್ಯೂಟರ್ ಮಾಡಿತು. ಬಡವರ ಕೇಸು ಹಿಡಿಯುವವರು ಅಂತಲೂ ಹೆಸರಿತ್ತು.

ಆ ಕಾಲದಲ್ಲಿ ನಾಟಕದವರು ಅಂದ್ರೆ ಮರ್ಯಾದೆ ಕಡಿಮೆ. ಬಾಡಿಗೆ ಮನೆ ಕೊಡಲು ಹಿಂದೆಮುಂದೆ ನೋಡುವವರೇ ಹೆಚ್ಚು. ಅಂಥದ್ದರಲ್ಲಿ ಬೆಳಗ್ಗೆ ಜಡ್ಜ್ ಮುಂದೆ ವಾದಿಸುವ ಮನುಷ್ಯ ರಾತ್ರಿ ಹಿರಣ್ಯಕಶಿಪು ಆಗಿ ಕಂಬಕ್ಕೆ ಒದೆಯೋದು ಸಣ್ಣ ಮಾತಲ್ಲ. ಕಕ್ಷಿದಾರ ಏನಂದುಕೊಂಡಾನು, ನ್ಯಾಯಾಧೀಶ ಏನಂದುಕೊಂಡಾನು ಅನ್ನುವ ಅಂಜಿಕೆ ಇವತ್ತಿನ ವಕೀಲರಿಗೂ ಇದೆ. ರಾಘವ ಆ ಅಂಜಿಕೆ ಇಟ್ಟುಕೊಳ್ಳಲಿಲ್ಲ. ಬಳ್ಳಾರಿಯಲ್ಲಿ ಶೇಕ್ಸ್‌ಪಿಯರ್ ಕ್ಲಬ್ ಕಟ್ಟಿ ಇಂಗ್ಲಿಷ್ ನಾಟಕ ಆಡಿಸಿದರು. ಬೆಂಗಳೂರಿನ ಅಮೆಚೂರ್ ಡ್ರಮ್ಯಾಟಿಕ್ ಅಸೋಸಿಯೇಷನ್ ಜೊತೆ ಸೇರಿದರು. ದುರ್ಯೋಧನ, ಹರಿಶ್ಚಂದ್ರ, ಚಾಣಕ್ಯ, ಒಥೆಲೋ, ಶೈಲಾಕ್ ಒಂದಾದ ಮೇಲೊಂದು ಬಂದವು.

ಶೈಲಾಕ್ ಪಾತ್ರದ ಕತೆ ಗೊತ್ತಿದ್ದವರಿಗೆ ಇಲ್ಲೊಂದು ತಮಾಷೆ ಕಾಣುತ್ತೆ. ಆ ನಾಟಕದಲ್ಲಿ ಸಾಲ ಕೊಟ್ಟ ಶೈಲಾಕ್ ಕರಾರುಪತ್ರ ಹಿಡಿದು ಕೋರ್ಟಿಗೆ ಬರ್ತಾನೆ, ವಕೀಲರ ಒಂದು ಪಾಯಿಂಟಿಗೆ ಕೇಸು ಸೋಲ್ತಾನೆ. ಹಗಲೆಲ್ಲಾ ಪಾಟೀಸವಾಲಿನಲ್ಲಿ ಸಾಕ್ಷಿಗಳನ್ನು ಸೋಲಿಸುತ್ತಿದ್ದ ರಾಘವ ರಾತ್ರಿ ತಾವೇ ಕಟಕಟೆಯಲ್ಲಿ ಸೋತು ನಿಲ್ಲುತ್ತಿದ್ದರು.

ಅವರ ನಟನೆಯ ಹೊಸತನ ಏನು ಅಂದ್ರೆ ಮಾತು. ಆಗಿನ ನಾಟಕದಲ್ಲಿ ಹಾಡೇ ರಾಜ. ಪಾತ್ರಧಾರಿ ಸಾಯುವ ಸನ್ನಿವೇಶದಲ್ಲೂ ಒಂದು ಪದ್ಯ ಹಿಡಿದು ಹತ್ತು ನಿಮಿಷ ರಾಗ ಎಳೆಯಬೇಕು, ಜನ ಒನ್ಸ್‌ಮೋರ್ ಅಂದರೆ ಸತ್ತವನು ಎದ್ದು ಮತ್ತೊಮ್ಮೆ ಹಾಡಬೇಕು. ನಮ್ಮ ಹಳ್ಳಿ ನಾಟಕಗಳಲ್ಲಿ ಇವತ್ತಿಗೂ ಇದು ಇದೆ, ಜನರಿಗೆ ಅದು ಬೇಕೂ ಬೇಕು. ರಾಘವ ಅದನ್ನು ಒಪ್ಪಲಿಲ್ಲ. ರಾಗ ಎಳೆಯೋದನ್ನು ಕಡಿಮೆ ಮಾಡಿ, ಮನುಷ್ಯ ಮಾತಾಡುವ ಹಾಗೆ ಮಾತಾಡಿ, ಕಣ್ಣಲ್ಲಿ, ಮೌನದಲ್ಲಿ ಪಾತ್ರ ತೋರಿಸಿದರು. ಕೊಲೆ ಆರೋಪಿಗಳನ್ನು, ಸುಳ್ಳು ಸಾಕ್ಷಿಗಳನ್ನು, ಮಗನನ್ನು ಕಳಕೊಂಡ ತಾಯಂದಿರನ್ನು ದಿನಾ ಹತ್ತಿರದಿಂದ ನೋಡುವ ಕ್ರಿಮಿನಲ್ ವಕೀಲರಿಗೆ ಇದಕ್ಕಿಂತ ದೊಡ್ಡ ನಾಟಕ ಶಾಲೆ ಬೇಕಾಗಿರಲಿಲ್ಲ.

1920ರ ದಶಕದ ಕೊನೆಗೆ ಅವರು ಇಂಗ್ಲೆಂಡಿಗೆ ಹೋಗಿಬಂದರು. ಭಾರತದ ನಾಟಕ ಕುರಿತು ಉಪನ್ಯಾಸ ಕೊಟ್ಟರು, ಅಲ್ಲಿನ ದೊಡ್ಡ ನಾಟಕಕಾರ ಬರ್ನಾರ್ಡ್ ಶಾ ಅವರನ್ನು ಕಂಡರು. ವಾಪಸ್ ಬಂದು ಮತ್ತೆ ಬಳ್ಳಾರಿ ಕೋರ್ಟಿನಲ್ಲಿ ಕೇಸು ಹಿಡಿದರು.

ಹೆಣ್ಣಿನ ಪಾತ್ರಕ್ಕೆ ಹೆಣ್ಣೇ ಬೇಕು

ರಾಘವ ಹಿಡಿದ ಹಟಗಳಲ್ಲಿ ಜಗಳಕ್ಕೆ ಕಾರಣವಾದದ್ದು ಇದು. ಗಂಡಸರು ಸೀರೆ ಉಟ್ಟು ದ್ರೌಪದಿ, ಸಾವಿತ್ರಿ ಆಗುತ್ತಿದ್ದ ಕಾಲ. ಹೆಣ್ಣಿನ ಪಾತ್ರವನ್ನು ಹೆಣ್ಣುಮಕ್ಕಳೇ ಮಾಡಬೇಕು, ಅದೂ ಓದಿದ ಮನೆಯ ಹೆಣ್ಣುಮಕ್ಕಳು ರಂಗದ ಮೇಲೆ ಬರಬೇಕು ಅಂತ ಅವರು ನಿಂತರು. ಬರೀ ಭಾಷಣ ಮಾಡಲಿಲ್ಲ, ಕರೆತಂದು ಕಲಿಸಿದರು. ಕೊಮ್ಮೂರಿ ಪದ್ಮಾವತೀದೇವಿ ಅವರಲ್ಲಿ ಒಬ್ಬರು, ಮುಂದೆ ಸಿನಿಮಾಕ್ಕೂ ಹೋದರು.

ಇದೇ ಹೊತ್ತಿಗೆ ಮದ್ರಾಸಿನ ಇನ್ನೊಬ್ಬ ಯುವ ವಕೀಲರು ತಪ್ಪು ಯಾರದು ಅನ್ನುವ ಅರ್ಥದ ಹೆಸರಿಟ್ಟು ತೆಲುಗಿನಲ್ಲಿ ಒಂದು ಸಾಮಾಜಿಕ ನಾಟಕ ಬರೆದಿದ್ದರು. ಪುರಾಣ ಇಲ್ಲ, ಕಿರೀಟ ಇಲ್ಲ, ಮನೆಯೊಳಗಿನ ಗಂಡ ಹೆಂಡಿರ ಕತೆ. ರಾಘವ ಅದನ್ನು ಹೆಣ್ಣುಮಕ್ಕಳನ್ನೇ ಹಾಕಿ ಆಡಿ ತೋರಿಸಿದರು. ಆ ವಕೀಲರ ಹೆಸರು ಪಿ.ವಿ. ರಾಜಮನ್ನಾರ್. ಮುಂದೆ ಅವರು 1948ರಿಂದ 1961ರವರೆಗೆ ಮದ್ರಾಸ್ ಹೈಕೋರ್ಟಿನ ಮುಖ್ಯ ನ್ಯಾಯಮೂರ್ತಿ. 1953ರಲ್ಲಿ ದೆಹಲಿಯಲ್ಲಿ ಸಂಗೀತ ನಾಟಕ ಅಕಾಡೆಮಿ ಶುರುವಾದಾಗ ಅದರ ಮೊದಲ ಅಧ್ಯಕ್ಷರೂ ಇವರೇ. ಬರೆದದ್ದು ವಕೀಲ, ಆಡಿದ್ದು ವಕೀಲ.

ನಮ್ಮ ಕಡೆ ಈ ಪ್ರಶ್ನೆ ಇನ್ನೂ ಪೂರ್ತಿ ಮುಗಿದಿಲ್ಲ. ಮಾನ್ವಿ, ದೇವದುರ್ಗದ ಹಳ್ಳಿಗಳಲ್ಲಿ ಜಾತ್ರೆ ನಾಟಕ ಅಂದ್ರೆ ಗಂಡು ಪಾತ್ರ ಊರ ಹುಡುಗರದ್ದು, ಹೆಣ್ಣು ಪಾತ್ರಕ್ಕೆ ಹೊರಗಿನಿಂದ ದುಡ್ಡು ಕೊಟ್ಟು ಕಲಾವಿದೆಯರನ್ನು ಕರೆಸೋದು. ಊರ ಹೆಣ್ಣುಮಗಳು ಬಣ್ಣ ಹಚ್ಚೋದು ತೀರಾ ಅಪರೂಪ. ರಾಘವ ಈ ಮಾತು ಎತ್ತಿ ನೂರು ವರ್ಷ ಆಗುತ್ತಾ ಬಂತು.

ರಾಯಚೂರಿನ ಪಂಡಿತರು, ಬಳ್ಳಾರಿಯ ಕಬೀರ

ಪಂಡಿತ ತಾರಾನಾಥರು ಹುಟ್ಟಿದ್ದು 1891ರಲ್ಲಿ ಮಂಗಳೂರಿನಲ್ಲಿ, ಓದಿದ್ದು ಹೈದರಾಬಾದಿನಲ್ಲಿ ವೈದ್ಯ, ಬೇರೂರಿದ್ದು ರಾಯಚೂರಿನಲ್ಲಿ. 1920ರಲ್ಲಿ ಹಮ್‌ದರ್ದ್ ಶಾಲೆ ತೆಗೆದರು. ಜಾತಿ ಧರ್ಮ ಕೇಳದೆ ಎಲ್ಲ ಮಕ್ಕಳನ್ನೂ ಒಟ್ಟಿಗೆ ಕೂರಿಸಿದ ಆ ಶಾಲೆ ರಾಯಚೂರು ನಗರದವರಿಗೆ ಹೊಸದಾಗಿ ಪರಿಚಯ ಮಾಡಿಕೊಡಬೇಕಿಲ್ಲ. ತಾರಾನಾಥರ ನಡೆ ನಿಜಾಮರ ಅಧಿಕಾರಿಗಳಿಗೆ ಸರಿಬರಲಿಲ್ಲ. ಅವರು ಹೊಳೆ ದಾಟಿ, ಬ್ರಿಟಿಷ್ ಸೀಮೆಯ ತುಂಗಭದ್ರಾ ಸ್ಟೇಷನ್ ಹತ್ತಿರ ಪ್ರೇಮಾಯತನ ಆಶ್ರಮ ಮಾಡಿಕೊಂಡರು. ಅಲ್ಲಿಂದ ಪ್ರೇಮ ಅನ್ನುವ ಪತ್ರಿಕೆ ನಡೆಸಿದರು. ಸರೋದ್ ವಾದಕ ರಾಜೀವ್ ತಾರಾನಾಥರು ಇವರ ಮಗ.

ತಾರಾನಾಥರಿಗೆ ವೈದ್ಯವೂ ಬೇಕು, ಸಂಗೀತವೂ ಬೇಕು, ನಾಟಕವೂ ಬೇಕು. ರಾಘವರಿಗೂ ಅವರಿಗೂ ಸ್ನೇಹ ಕೂಡಿಬಂತು. ತಾರಾನಾಥರು ಹಿಂದಿಯಲ್ಲಿ ದೀನಬಂಧು ಕಬೀರ್ ನಾಟಕ ಬರೆದರು. ಹಿಂದೂ ಮುಸ್ಲಿಮರಿಬ್ಬರೂ ತಮ್ಮವನೆಂದು ಹೇಳಿಕೊಳ್ಳುವ ನೇಕಾರ ಸಂತನ ಕತೆ. ನಿಜಾಮರ ರಾಯಚೂರಿನಲ್ಲಿ ಹಮ್‌ದರ್ದ್ ಅಂತ ಶಾಲೆಗೆ ಹೆಸರಿಟ್ಟ ಮನುಷ್ಯ ಕಬೀರನನ್ನೇ ಯಾಕೆ ಆರಿಸಿಕೊಂಡರು ಅನ್ನೋದು ಬಿಡಿಸಿ ಹೇಳುವ ಮಾತಲ್ಲ.

1927ರಲ್ಲಿ ಗಾಂಧೀಜಿ ಆರೋಗ್ಯ ಕೆಟ್ಟು ನಂದಿಬೆಟ್ಟದಲ್ಲಿ, ಆಮೇಲೆ ಬೆಂಗಳೂರಿನಲ್ಲಿ ವಿಶ್ರಾಂತಿ ಪಡೆಯುತ್ತಿದ್ದರು. ಆ ಹೊತ್ತಿಗೆ ಅವರ ಎದುರು ಈ ನಾಟಕ ಆಯಿತು. ಕಬೀರನಾಗಿ ರಾಘವ. ಗಾಂಧೀಜಿ ನಾಟಕ ನೋಡುವ ಪೈಕಿ ಅಲ್ಲ, ಸಮಯ ಅಂದ್ರೆ ಗಡಿಯಾರ ಹಿಡಿದು ಕೂರುವವರು. ಅಂಥವರು ಕೂತು ನೋಡಿ ಮೆಚ್ಚಿದ್ದು ಆಗ ದೊಡ್ಡ ಸುದ್ದಿ. ರಾಘವರ ಬಗ್ಗೆ ಬರೆದವರೆಲ್ಲ ಇದನ್ನು ಬರೆಯುತ್ತಾರೆ. ನಾಟಕ ಬರೆದವರಿಗೂ ರಾಯಚೂರಿಗೂ ಇದ್ದ ಸಂಬಂಧ ಮಾತ್ರ ಎಷ್ಟೋ ಸಲ ಬಿಟ್ಟುಹೋಗುತ್ತೆ.

ನಾಟಕದ ಮೇಲೆ ಕಾಯ್ದೆಯ ಕಣ್ಣು

ರಾಘವ ನಟಿಸಿದ್ದೆಲ್ಲ 1876ರ ನಾಟಕ ಪ್ರದರ್ಶನ ಕಾಯ್ದೆಯ ಕೆಳಗೆ. ಬಂಗಾಳದಲ್ಲಿ ನೀಲಿ ಬೆಳೆಯ ತೋಟದ ಬಿಳಿಯ ದೊರೆಗಳ ದಬ್ಬಾಳಿಕೆ ತೋರಿಸಿದ ನಾಟಕ, ರಾಜಕುಮಾರನ ಭೇಟಿಯನ್ನು ಗೇಲಿ ಮಾಡಿದ ಪ್ರಹಸನ ನೋಡಿ ಬ್ರಿಟಿಷರಿಗೆ ಸಿಟ್ಟು ಬಂದು ತಂದ ಕಾಯ್ದೆ ಅದು. ಮಾನಹಾನಿ, ರಾಜದ್ರೋಹ, ಅಶ್ಲೀಲ ಅಂತ ಸರ್ಕಾರಕ್ಕೆ ಅನಿಸಿದರೆ ಸಾಕು, ನಾಟಕ ನಿಲ್ಲಿಸಬಹುದು. ಆಡಿದವರಿಗೂ ಶಿಕ್ಷೆ, ಜಾಗ ಕೊಟ್ಟವರಿಗೂ ಶಿಕ್ಷೆ. ಹೊಳೆಯ ಈ ಕಡೆ ಆ ಕಾಯ್ದೆ ಬೇಕಿರಲೂ ಇಲ್ಲ. ನಿಜಾಮರ ಗಸ್ತಿ ನಿಶಾನ್ 53 ಅನ್ನುವ ಸುತ್ತೋಲೆ ಇತ್ತು, ಅಪ್ಪಣೆ ಇಲ್ಲದೆ ಸಭೆ ಸೇರುವ ಹಾಗೇ ಇರಲಿಲ್ಲ.

ಇಂಥ ಕಾಲದಲ್ಲಿ ಕಾನೂನು ಓದಿದವನು ನಾಟಕದ ತಂಡದಲ್ಲಿ ಇರೋದು ತಂಡಕ್ಕೆ ದೊಡ್ಡ ಬಲ. ಈಗ ಬೆಂಗಳೂರು, ಮುಂಬೈಯಲ್ಲಿ ಸಿನಿಮಾ, ಟಿವಿ, ಹಾಡಿನ ಹಕ್ಕಿನ ಕೇಸುಗಳಿಗೇ ಬೇರೆ ವಕೀಲರಿದ್ದಾರೆ. ರಾಘವರ ಕಾಲದಲ್ಲಿ ಆ ಕಸುಬಿಗೆ ಹೆಸರೇ ಇರಲಿಲ್ಲ. ಕಾಯ್ದೆ ಗೊತ್ತಿದ್ದವನೇ ರಂಗದ ಮೇಲೂ ಇದ್ದ, ಅಷ್ಟೇ.

ಈ ಕಾನೂನಿನ ಮಾತು ಜಾತ್ರೆ ನಾಟಕ ಮಾಡುವವರಿಗೂ ಬೇಕಾಗಿದ್ದು. ಇವತ್ತಿನ 1957ರ ಕೃತಿಸ್ವಾಮ್ಯ ಕಾಯ್ದೆ ಪ್ರಕಾರ ನಾಟಕ ಬರೆದವನ ಹಕ್ಕು ಅವನ ಜೀವಮಾನ ಪೂರ್ತಿ, ಸತ್ತ ಮೇಲೆ ಇನ್ನೂ 60 ವರ್ಷ. ಟೆಂಟ್ ಹಾಕಿ ಟಿಕೆಟ್ ಹರಿಯುವ ಕಂಪನಿ ಬರೆದವನ ಅಥವಾ ಅವನ ವಾರಸುದಾರರ ಒಪ್ಪಿಗೆ ತಗೋಬೇಕು. ಆದರೆ ಅದೇ ಕಾಯ್ದೆಯ 52ನೇ ಕಲಂ ಹವ್ಯಾಸಿ ಸಂಘಗಳಿಗೆ ಒಂದು ಬಾಗಿಲು ತೆರೆದಿಟ್ಟಿದೆ. ಜನರಿಂದ ದುಡ್ಡು ತಗೊಳ್ಳದೆ ಆಡಿದರೆ, ಇಲ್ಲವೇ ಧಾರ್ಮಿಕ ಸಂಸ್ಥೆಯ ಸಹಾಯಾರ್ಥ ಆಡಿದರೆ, ಅದು ಹಕ್ಕಿನ ಉಲ್ಲಂಘನೆ ಅಲ್ಲ. ನೀರಮಾನ್ವಿ ಯಲ್ಲಮ್ಮನ ಜಾತ್ರೆ ಇರಲಿ, ದೇವದುರ್ಗದ ಕಡೆಯ ಸಣ್ಣ ಊರ ಜಾತ್ರೆ ಇರಲಿ, ಯುವಕ ಸಂಘದವರು ಪುಕ್ಕಟೆ ಆಡುವ ನಾಟಕಕ್ಕೆ ಇದೇ ರಕ್ಷಣೆ. ಇನ್ನು ಮೈಕಿನ ತಕರಾರು ಬೇರೆ. ರಾತ್ರಿ 10ರಿಂದ ಬೆಳಗ್ಗೆ 6ರವರೆಗೆ ಧ್ವನಿವರ್ಧಕ ಕೂಡದು ಅಂತ 2000ದ ಶಬ್ದ ಮಾಲಿನ್ಯ ನಿಯಮ ಹೇಳುತ್ತೆ. ವರ್ಷಕ್ಕೆ 15 ದಿನ ಮೀರದ ಹಾಗೆ ಹಬ್ಬಗಳಿಗೆ ಮಧ್ಯರಾತ್ರಿ 12ರವರೆಗೆ ಸಡಿಲಿಕೆ ಕೊಡುವ ಅಧಿಕಾರ ರಾಜ್ಯ ಸರ್ಕಾರಕ್ಕಿದೆ. ನಮ್ಮಲ್ಲಿ ಊಟ ಮುಗಿಸಿ ಜನ ಬಂದು ಕೂರೋದೇ ಹತ್ತೂವರೆಗೆ!

ಪರದೆಯ ಮೇಲೆ ರೈತ

ಟಾಕಿ ಸಿನಿಮಾ ಬಂದಾಗ ರಾಘವರಿಗೆ ಐವತ್ತು ದಾಟಿತ್ತು. 1936ರಲ್ಲಿ ದ್ರೌಪದಿ ಮಾನಸಂರಕ್ಷಣಂ ತೆಲುಗು ಚಿತ್ರದಲ್ಲಿ ದುರ್ಯೋಧನ ಆದರು. ಅದೇ ವರ್ಷ ದ್ರೌಪದಿ ವಸ್ತ್ರಾಪಹರಣದ ಇನ್ನೊಂದು ಸಿನಿಮಾ ಎದುರಿಗೆ ಬಂತು. ಮಹಾಭಾರತ ಯಾರಪ್ಪನ ಸ್ವತ್ತೂ ಅಲ್ಲ, ಕೇಸು ಹಾಕೋ ಹಾಗಿಲ್ಲ. ಜನ ಆ ಸಿನಿಮಾಕ್ಕೆ ಹೋದರು, ರಾಘವರದ್ದು ಸೋತಿತು.

1939ರ ರೈತುಬಿಡ್ಡ ಹಾಗಲ್ಲ. ಗೂಡವಲ್ಲಿ ರಾಮಬ್ರಹ್ಮಂ ತೆಗೆದ ಈ ಚಿತ್ರದಲ್ಲಿ ರಾಘವ ಜಮೀನ್ದಾರನ ಕಾಟಕ್ಕೆ ಸಿಕ್ಕ ರೈತ. ಸಾಲ, ಓಟು, ದೌರ್ಜನ್ಯ ಎಲ್ಲಾ ನೇರವಾಗಿ ತೋರಿಸಿದ ಸಿನಿಮಾ. ವೆಂಕಟಗಿರಿ, ಬೊಬ್ಬಿಲಿ ಜಮೀನ್ದಾರರು ಕೆರಳಿದರು. ನಿಲ್ಲಿಸಬೇಕೆಂದು ನೋಟಿಸು ಬಂತು, ಕೆಲವು ಕಡೆ ಪ್ರದರ್ಶನಕ್ಕೆ ತಡೆಯೂ ಬಿತ್ತು. ಸಿನಿಮಾಕ್ಕೆ ಬೇರೆ ಕಾಯ್ದೆ 1918ರಿಂದಲೇ ಇತ್ತು, ಅದರ ಕೆಳಗೆ 1920ರಿಂದ ಸೆನ್ಸಾರ್ ಮಂಡಳಿ ಇತ್ತು, ಪೊಲೀಸ್ ಮುಖ್ಯಸ್ಥರೇ ಅದನ್ನು ನಡೆಸುತ್ತಿದ್ದರು. ಸೆನ್ಸಾರ್ ಆದ ಮೇಲೂ ಸಿನಿಮಾ ನಿಲ್ಲಿಸುವ ಆಟ ಹೊಸದಲ್ಲ ಅನ್ನೋದಕ್ಕೆ ರೈತುಬಿಡ್ಡ ಹಳೇ ಸಾಕ್ಷಿ. ವಿಶೇಷ ಅಂದ್ರೆ ಅದಕ್ಕೆ ದುಡ್ಡು ಹಾಕಿದವರೂ ಒಬ್ಬ ಜಮೀನ್ದಾರರೇ, ಚಲ್ಲಪಲ್ಲಿಯವರು. ಜಮೀನ್ದಾರರ ಒಳಜಗಳ ರೈತನ ಪಾಲಿಗೆ ಸಿನಿಮಾ ಆಯಿತು.

1940ರಲ್ಲಿ ಚಂಡಿಕಾ ಬಂತು. ಅಲ್ಲಿಗೆ ಸಿನಿಮಾ ಮುಗಿಯಿತು. ರಾಘವರಿಗೆ ಕ್ಯಾಮೆರಾಕ್ಕಿಂತ ಎದುರಿಗೆ ಕೂತ ಜನರೇ ಒಗ್ಗಿದ್ದರು.

1942ರಲ್ಲಿ ತಾರಾನಾಥರು ತೀರಿಕೊಂಡರು. 1946ರ ಏಪ್ರಿಲ್ 16ರಂದು ರಾಘವರೂ ಹೋದರು. ಸ್ವಾತಂತ್ರ್ಯಕ್ಕೆ ಇನ್ನೂ ವರ್ಷದ ಮೇಲೆ ಇತ್ತು. 1953ರ ಅಕ್ಟೋಬರ್ 1ಕ್ಕೆ ಬಳ್ಳಾರಿ ಮೈಸೂರಿಗೆ ಸೇರಿತು, 1956ರ ನವೆಂಬರ್ 1ಕ್ಕೆ ರಾಯಚೂರೂ ಬಂತು. ಹೊಳೆಯ ಎರಡೂ ದಂಡೆ ಒಂದೇ ರಾಜ್ಯ ಆಯಿತು, ರಾಘವ ಮಾತ್ರ ತೆಲುಗರಿಗೂ ನಮ್ಮವರು, ಕನ್ನಡಿಗರಿಗೂ ನಮ್ಮವರು ಅಂತಲೇ ಉಳಿದರು.

ಅವರ ತಲೆ ಮೇಲೆ ತೂಗುತ್ತಿದ್ದ 1876ರ ಕಾಯ್ದೆ ಸ್ವಾತಂತ್ರ್ಯ ಬಂದ ಮೇಲೂ ಸಾಯಲಿಲ್ಲ. 1953ರಲ್ಲಿ ಲಖನೌದಲ್ಲಿ ಪ್ರೇಮಚಂದರ ಈದ್ಗಾ ಕತೆಯ ನಾಟಕ ಆಡಿದವರ ಮೇಲೆ ಅದನ್ನೇ ಹಾಕಿದರು. 1956ರಲ್ಲಿ ಅಲಹಾಬಾದ್ ಹೈಕೋರ್ಟ್ ಅದು ಸಂವಿಧಾನಕ್ಕೆ ಒಪ್ಪುವುದಿಲ್ಲ ಅಂತ ತೀರ್ಪು ಕೊಟ್ಟಿತು. ಆದರೂ ಕೇಂದ್ರದ ಕಾನೂನು ಪುಸ್ತಕದಿಂದ ಅದನ್ನು ಪೂರ್ತಿ ತೆಗೆದು ಹಾಕಿದ್ದು 2018ರ ಜನವರಿಯಲ್ಲಿ, ರಾಘವ ಸತ್ತು 72ನೇ ವರ್ಷ ನಡೆಯುತ್ತಿದ್ದಾಗ.